ಫೆಲಿಕ್ಸ್ ಬ್ರೆಸಾರ್ಟ್ ಅವರಿಗೆ, ಮತ್ತು ಈ ಕೆಲಸದಲ್ಲಿ ಜೊತೆಯಾದವರಿಗೆ

ಜರ್ಮನ್ ಪೋಷಕ ನಟ ಫೆಲಿಕ್ಸ್ ಬ್ರೆಸಾರ್ಟ್ ಅವರ ಮೂರು ಚಿತ್ರಗಳಿಗೆ ಕನ್ನಡ ಸಬ್‌ಟೈಟಲ್ ಸಿದ್ಧಪಡಿಸುವ ನಮ್ಮ ಸಣ್ಣ ಗುಂಪಿನ ಕೆಲಸ ಈ ವಾರ ಮುಗಿಯಿತು. ನೆರವಾದ ಎಲ್ಲರಿಗೂ ವಂದನೆ ಹೇಳುವ ಮೊದಲು, ನಮ್ಮೆಲ್ಲರನ್ನೂ ಒಂದೆಡೆ ಕೂರಿಸಿದ ಆ ನಟನಿಗೆ ಸಲ್ಲಬೇಕಾದ ಋಣವನ್ನು ಇಲ್ಲಿ ದಾಖಲಿಸಬೇಕೆನಿಸುತ್ತದೆ.

ಬ್ರೆಸಾರ್ಟ್ ಹುಟ್ಟಿದ್ದು 1892ರಲ್ಲಿ, ಆಗ ಜರ್ಮನಿಗೆ ಸೇರಿದ್ದ ಪೂರ್ವ ಪ್ರಷ್ಯಾದ ಗಡಿಯೂರಾದ ಐಟ್ಕೂನನ್‌ನಲ್ಲಿ. ರಂಗಭೂಮಿಯಲ್ಲಿ ಪಳಗಿ, 1930ರ ಜನಪ್ರಿಯ ಸಂಗೀತ ಚಿತ್ರ ‘ಡಿ ಡ್ರೈ ಫೋನ್ ಡೆರ್ ಟಾಂಕ್‌ಸ್ಟೆಲೆ’ಯಲ್ಲಿ ಜಪ್ತಿಗೆ ಬರುವ ಅಮೀನನ ಪಾತ್ರ ಮಾಡಿ ಜರ್ಮನಿಯ ಪ್ರೇಕ್ಷಕರಿಗೆ ಪರಿಚಿತರಾದರು. ಯಹೂದಿಯಾಗಿದ್ದ ಅವರಿಗೆ, 1933ರಲ್ಲಿ ನಾಟ್ಸಿಗಳು ಅಧಿಕಾರಕ್ಕೆ ಬಂದ ನಂತರ, ಆ ನೆಲದಲ್ಲಿ ಜಾಗವಿರಲಿಲ್ಲ. ದೇಶ ಬಿಟ್ಟು, ಕೆಲಕಾಲ ಆಸ್ಟ್ರಿಯಾದಲ್ಲಿ ನಟಿಸಿ, ಕೊನೆಗೆ ಹಾಲಿವುಡ್ ಸೇರಿದ ಅವರು ನಡುವಯಸ್ಸಿನಲ್ಲಿ ಪರಭಾಷೆಯೊಂದರಲ್ಲಿ ಮತ್ತೆ ಮೊದಲಿನಿಂದ ನಟನಾಗಬೇಕಾಯಿತು. 1939ರ ‘ನಿನೋಚ್ಕಾ’ದಲ್ಲಿ ಪ್ಯಾರಿಸ್ಸಿನ ಸುಖಕ್ಕೆ ಮರುಳಾಗುವ ಮೂವರು ಸೋವಿಯತ್ ಅಧಿಕಾರಿಗಳಲ್ಲಿ ಒಬ್ಬರಾಗಿ ಅವರು ಕಾಣಿಸಿಕೊಂಡರು.

ನಮ್ಮನ್ನು ಅತಿ ಹೆಚ್ಚು ದಿನ ಹಿಡಿದಿಟ್ಟದ್ದು 1940ರ ‘ದಿ ಶಾಪ್ ಅರೌಂಡ್ ದಿ ಕಾರ್ನರ್’. ಇದರಲ್ಲಿ ಅವರು ಬುಡಾಪೆಸ್ಟ್‌ನ ಅಂಗಡಿಯೊಂದರ ಗುಮಾಸ್ತ ಪಿರೋವಿಚ್. ಪತ್ರದಲ್ಲಷ್ಟೇ ಪರಿಚಿತಳಾದ ಹುಡುಗಿ ಕೆಫೆಯೊಳಗೆ ಕಾಯುತ್ತಿರುವಾಗ, ಒಳಗೆ ನೋಡಲು ಧೈರ್ಯ ಸಾಲದ ನಾಯಕ ಜೇಮ್ಸ್ ಸ್ಟೂವರ್ಟ್ ಪರವಾಗಿ ಕಿಟಕಿಯಲ್ಲಿ ಇಣುಕುವವರು ಇವರೇ. ಆಕೆ ಯಾರೆಂದು ತಿಳಿದೊಡನೆ ಹೇಳಿಬಿಡದೆ, ನಮ್ಮ ಅಂಗಡಿಯ ಹುಡುಗಿಯ ಹೋಲಿಕೆ ಇದೆ ಎಂಬಲ್ಲಿಂದ ಶುರುಮಾಡಿ, ಗೆಳೆಯನ ಮನಸ್ಸಿಗೆ ಪೆಟ್ಟಾಗದಂತೆ ಹಂತಹಂತವಾಗಿ ನಿಜದ ಕಡೆಗೆ ಅವರು ಬರುವ ರೀತಿಯಲ್ಲಿ ನಗುವೂ ಇದೆ, ಅಪಾರ ಅಂತಃಕರಣವೂ ಇದೆ. ದೃಶ್ಯ ನಾಯಕನದು, ಆದರೆ ಅದರ ಲಯವನ್ನು ಕಾಯುವವರು ಬ್ರೆಸಾರ್ಟ್. ಅಲ್ಲಿನ ಪ್ರತಿ ಮಾತಿನ ಮುಂಚಿನ ತಡವರಿಕೆ ಕನ್ನಡದ ಸಾಲಿನಲ್ಲೂ ಉಳಿಯಲೇಬೇಕೆಂದು ಹಟ ಹಿಡಿದು, ನಾವು ಬರೆದದ್ದನ್ನು ಬೇಸರಿಸದೆ ಮತ್ತೆ ಮತ್ತೆ ತಿದ್ದಿಸಿದ ನಮ್ಮ ನಿವೃತ್ತ ಮೇಷ್ಟ್ರಿಗೆ ಎಷ್ಟು ವಂದಿಸಿದರೂ ಕಡಿಮೆಯೇ.

1942ರ ‘ಟು ಬಿ ಆರ್ ನಾಟ್ ಟು ಬಿ’ಯಲ್ಲಿ ಬರ್ಲಿನ್ ಮೂಲದ ನಿರ್ದೇಶಕ ಅರ್ನ್ಸ್ಟ್ ಲುಬಿಟ್ಶ್ ಬ್ರೆಸಾರ್ಟ್ ಅವರಿಗೆ ಕೊಟ್ಟದ್ದು ವಾರ್ಸಾದ ನಾಟಕ ಕಂಪನಿಯಲ್ಲಿ ಭರ್ಜಿ ಹಿಡಿದು ನಿಲ್ಲುವ ನಟ ಗ್ರೀನ್‌ಬರ್ಗ್‌ನ ಪಾತ್ರ. ಒಮ್ಮೆಯಾದರೂ ಷೇಕ್ಸ್‌ಪಿಯರನ ‘ದಿ ಮರ್ಚಂಟ್ ಆಫ್ ವೆನಿಸ್’ ನಾಟಕದ ಯಹೂದಿ ಲೇವಾದೇವಿಗಾರ ಷೈಲಾಕ್ ಆಗಬೇಕೆಂಬುದು ಅವನ ಬಯಕೆ. ಚುಚ್ಚಿದರೆ ನಮಗೂ ರಕ್ತ ಬರುವುದಿಲ್ಲವೇ ಎಂದು ಷೈಲಾಕ್ ಕೇಳುವ ಆ ಮಾತುಗಳನ್ನು ಅವನು ಮೊದಲು ರಂಗದ ಹಿಂದೆ, ಆಮೇಲೆ ಬಾಂಬಿಗೆ ಹಾಳಾದ ನಗರದಲ್ಲಿ, ಕೊನೆಗೆ ಹಿಟ್ಲರ್ ವೇಷದ ಸಹನಟನೆದುರು ನಿಜವಾದ ನಾಟ್ಸಿ ಕಾವಲುಗಾರರ ನಡುವೆ ನಿಂತು ಹೇಳುತ್ತಾನೆ. ಆ ಆಡಳಿತದಿಂದ ತಾನೇ ತಪ್ಪಿಸಿಕೊಂಡು ಬಂದಿದ್ದ ನಟನ ಬಾಯಲ್ಲಿ, ಯುದ್ಧ ಇನ್ನೂ ನಡೆಯುತ್ತಿದ್ದ ವರ್ಷದಲ್ಲಿ ಬಂದ ಮಾತುಗಳಿವು. ಇಡೀ ಚಿತ್ರದಲ್ಲಿ ಇದಕ್ಕಿಂತ ದೊಡ್ಡ ಅಭಿನಯವಿಲ್ಲವೆಂದೇ ನಾನು ನಂಬಿದ್ದೇನೆ. ಈ ಭಾಗದ ಕನ್ನಡಕ್ಕೆ ದನಿಯೇರಿಸದ, ನೇರವಾದ ಮಾತೇ ತಕ್ಕದ್ದೆಂದು ಸೂಚಿಸಿದ ರಂಗಭೂಮಿಯ ಗೆಳತಿಗೆ ನಾನು ಋಣಿ.

ಬ್ರೆಸಾರ್ಟ್ 1949ರಲ್ಲಿ, ಹೊಸ ಚಿತ್ರವೊಂದರ ಚಿತ್ರೀಕರಣದ ನಡುವೆಯೇ, ರಕ್ತದ ಕ್ಯಾನ್ಸರಿನಿಂದ ತೀರಿಕೊಂಡರು. ಅವರಿಗೆ 57 ವರ್ಷ. ಅವರ ಮಾತುಗಳನ್ನು ಕನ್ನಡಕ್ಕೆ ತರಲು ರಾತ್ರಿಯ ನಿದ್ದೆ ಬಿಟ್ಟು ಸಾಲುಗಳ ಸಮಯ ಹೊಂದಿಸಿದ ಕಿರಿಯರಿಗೆ, ಕರಡು ನೋಡಿ ಮುಚ್ಚುಮರೆಯಿಲ್ಲದೆ ಅಭಿಪ್ರಾಯ ತಿಳಿಸಿದ ಮೊದಲ ಪ್ರೇಕ್ಷಕರಿಗೆ, ನಮ್ಮ ಹೊತ್ತಲ್ಲದ ಹೊತ್ತಿನ ಚರ್ಚೆಗಳನ್ನು ಸಹಿಸಿಕೊಂಡ ಮನೆಯವರಿಗೆ ಮನಸಾರೆ ವಂದನೆಗಳು. ‘ನಿನೋಚ್ಕಾ’ದಲ್ಲೂ ಗ್ರೀನ್‌ಬರ್ಗ್ ಇರುವ ಚಿತ್ರದಲ್ಲೂ ಅವರ ಜೊತೆಗೆ ನಟಿಸಿದ ಹ್ಯಾಂಬರ್ಗ್ ಮೂಲದ ಸಿಗ್ ರೂಮನ್ ಅವರ ಪಾತ್ರಗಳನ್ನು ಮುಂದೆ ಎತ್ತಿಕೊಳ್ಳುತ್ತಿದ್ದೇವೆ, ಜರ್ಮನ್ ಬಲ್ಲವರು ಜೊತೆಗೂಡಿದರೆ ತುಂಬ ಉಪಕಾರವಾಗುತ್ತದೆ.