ಮೋಸಹೋದವಳಿಗೂ ಒಂದು ಅಧ್ಯಾಯ ಕೊಡು

ಪ್ರೀತಿಯ ತಂಗಿ,

ನಿನ್ನ ಹಸ್ತಪ್ರತಿಯನ್ನೂ ಅದರ ಜೊತೆಗಿದ್ದ ಪತ್ರವನ್ನೂ ಪೂರ್ತಿ ಓದಿದೆ. ಹದಿಹರೆಯದ ಗೂಢಚಾರರ ಕಥೆ ಸಾಹಿತ್ಯವೇ ಅಲ್ಲ ಎಂದು ಯಾರೋ ಅಂದರಂತೆ, ನೀನು ಬರೆಯುವುದನ್ನೇ ಬಿಟ್ಟುಬಿಡುವ ಯೋಚನೆಯಲ್ಲಿದ್ದೀಯಂತೆ. ಬಿಡಬೇಡ. ಹಾಗೆ ಅನ್ನುವವರ ಮೇಲೆ ನನಗೆ ಬಹುಕಾಲದ ಸಿಟ್ಟಿದೆ. ಹನ್ನೆರಡು ವರ್ಷದ ಮಗು ಊಟದ ಹೊತ್ತನ್ನೂ ಮರೆತು ಮುನ್ನೂರು ಪುಟ ಓದುತ್ತದೆಂದರೆ ಬರೆದವರಿಗೆ ಏನೋ ಒಂದು ಗೊತ್ತಿದೆ ಎಂದೇ ಅರ್ಥ. ಅದೇನೆಂದು ವಿಚಾರಿಸುವ ತಾಳ್ಮೆ ಈ ಜನಕ್ಕೆ ಎಂದೂ ಬಂದಿಲ್ಲ.

ಅಧ್ಯಾಯ ಎಷ್ಟು ಉದ್ದ ಇರಬೇಕು, ಪ್ರಕಾಶಕರಿಗೆ ಹೇಗೆ ಬರೆಯಬೇಕು ಎಂದೆಲ್ಲ ಕೇಳಿದ್ದೀಯ. ಅದನ್ನು ಯಾರು ಬೇಕಾದರೂ ಹೇಳಿಕೊಡುತ್ತಾರೆ. ಹೊಡೆದಾಟ ಚೆನ್ನಾಗಿ ಬಂದಿದೆ, ಬೆನ್ನಟ್ಟುವ ದೃಶ್ಯಗಳು ಇನ್ನೂ ಚೆನ್ನ. ನನ್ನ ತಕರಾರು ಹನ್ನೊಂದನೇ ಅಧ್ಯಾಯದ್ದು. ಕಳ್ಳಸಾಗಣೆಯವನ ಮಗಳ ತರಗತಿಗೇ ನಿನ್ನ ನಾಯಕಿ ಸೇರುತ್ತಾಳೆ, ಮೂರು ಪ್ಯಾರಾದಲ್ಲಿ ಇಬ್ಬರೂ ಜೀವದ ಗೆಳತಿಯರಾಗುತ್ತಾರೆ. ಹದಿನಾಲ್ಕರಲ್ಲಿ ಪೊಲೀಸರು ಮನೆಗೆ ನುಗ್ಗುತ್ತಾರೆ, ನಾಯಕಿ ಕಾರು ಹತ್ತಿ ಹೋಗುತ್ತಾಳೆ. ಆಮೇಲೆ ಆ ಮಗಳ ಸುದ್ದಿಯೇ ಇಲ್ಲ! ಇದು ಸೋಮಾರಿತನ, ತಂಗಿ. ನಿನ್ನಂಥವಳಿಗೆ ಒಪ್ಪುವಂಥದ್ದಲ್ಲ.

ಮಕ್ಕಳನ್ನು ಏಜೆಂಟರನ್ನಾಗಿ ಮಾಡುವ ಕಥೆಗಳೆಲ್ಲ ಒಂದೇ ನಂಬಿಕೆಯ ಮೇಲೆ ನಿಂತಿವೆ: ಮಕ್ಕಳ ಮೇಲೆ ದೊಡ್ಡವರಿಗೆ ಅನುಮಾನ ಬರುವುದಿಲ್ಲ. ಸರಿ. ಆದರೆ ಹದಿನಾಲ್ಕರ ಹುಡುಗಿ ಐವತ್ತರ ಕಳ್ಳಸಾಗಣೆದಾರನ ಸ್ನೇಹ ಬೆಳೆಸಲಾರಳು. ಆ ಮನೆಯೊಳಗೆ ಹೋಗಲು ಅವಳಿಗಿರುವ ದಾರಿ ಆ ಮನೆಯ ಇನ್ನೊಂದು ಮಗು. 2004ರಲ್ಲಿ ಬ್ರಿಟನ್‌ನಲ್ಲಿ ಶುರುವಾದ ರಾಬರ್ಟ್ ಮುಚಮೋರ್ ಅವರ ‘ಚೆರಬ್’ ಎಂಬ ಬಾಲ ಗೂಢಚಾರರ ಕಾದಂಬರಿ ಸರಣಿಯಲ್ಲೂ ಡ್ರಗ್ಸ್ ವ್ಯಾಪಾರಿಯ ಮಕ್ಕಳ ಗೆಳೆತನ ಸಂಪಾದಿಸುವುದೇ ಒಂದು ಮಿಷನ್. ಅಂದಮೇಲೆ ನೀನು ಬರೆಯುತ್ತಿರುವುದು ಒಂದು ಮಗು ಇನ್ನೊಂದು ಮಗುವಿಗೆ ಮಾಡುವ ಮೋಸದ ಕಥೆ. ಅದನ್ನು ಒಪ್ಪಿಕೊಂಡು ಬರೆ.

ಅದೇ ಸರಣಿಯಿಂದ ಬಣ್ಣದ ಟೀ ಶರ್ಟುಗಳನ್ನೂ ತಂದುಕೊಂಡಿದ್ದೀಯ. ಅವನ್ನು ವಾಪಸ್ಸು ಕೊಟ್ಟುಬಿಡು, ಅವು ಅವರವು. ಆದರೆ ಅಲ್ಲಿ ಅವು ಯಾಕೆ ಕೆಲಸ ಮಾಡಿದವು ಎನ್ನುವುದನ್ನು ನೋಡು. ತರಬೇತಿಯಲ್ಲಿರುವವರಿಗೆ ತಿಳಿನೀಲಿ, ತೇರ್ಗಡೆಯಾದರೆ ಬೂದು, ಆಮೇಲೆ ಕಡುನೀಲಿ, ಕಪ್ಪು. ಯಾರು ಎಲ್ಲಿದ್ದಾರೆ ಎನ್ನುವುದು ಓದುವ ಮಗುವಿಗೆ ವಿವರಣೆಯಿಲ್ಲದೆ ಕಣ್ಣಿಗೇ ಕಾಣುತ್ತದೆ. ಮೂಲ ತರಬೇತಿಗೆ 100 ದಿನ ಎಂದು ಗೊತ್ತುಮಾಡಿದ್ದರಿಂದ ಪ್ರತಿ ಪುಟದಲ್ಲೂ ಒಂದು ಎಣಿಕೆ ನಡೆದೇ ಇರುತ್ತದೆ. ಈ ಎರಡು ಕೆಲಸವನ್ನೂ ಮಾಡುವ ನಿನ್ನದೇ ಆದ ಏನಾದರೂ ಹುಡುಕು.

ಈಗ ಸುಳ್ಳು ಗುರುತಿನ ವಿಷಯ. ನಾಯಕಿಯ ಹೆಸರು, ಹುಟ್ಟಿದ ದಿನ, ಊರು ಎಲ್ಲವನ್ನೂ ಬದಲಿಸಿದ್ದೀಯ. ಮೊದಲ ಹೆಸರು ಹಾಗೇ ಇರಲಿ, ಮನೆತನದ ಹೆಸರು ಮಾತ್ರ ಬದಲಾಗಲಿ. ಹಿಂದಿನಿಂದ ಯಾರಾದರೂ ಕೂಗಿದಾಗ ಹಳೆಯ ಹೆಸರಿಗೆ ಕತ್ತು ತಾನಾಗಿ ತಿರುಗುತ್ತದೆ, ಹೊಸ ಹೆಸರಿಗೆ ಒಂದು ಗಳಿಗೆ ತಡವಾಗುತ್ತದೆ. ಆ ಗಳಿಗೆಯೇ ಸಾಕು ಸಿಕ್ಕಿಬೀಳಲು. ಹಿಂದಿದ್ದ ಊರು ಅವಳು ನಿಜವಾಗಿ ಬಾಳಿದ ಊರೇ ಆಗಲಿ. ಇಲ್ಲದಿದ್ದರೆ ಅಲ್ಲಿ ಚಿಕ್ಕಮ್ಮನಿರುವ ಸಹಪಾಠಿಯೊಬ್ಬಳು ಇದ್ದೇ ಇರುತ್ತಾಳೆ, ಶಾಲೆಗೆ ಯಾವ ಬಸ್ಸಿನಲ್ಲಿ ಹೋಗುತ್ತಿದ್ದೆ ಎಂದು ಕೇಳಿಯೇ ಕೇಳುತ್ತಾಳೆ. ವರ್ಷದ ನಡುವೆ ಶಾಲೆ ಬದಲಿಸಿದ್ದಕ್ಕೆ ನೀನು ಅಪ್ಪ ಅಮ್ಮನ ಸಾವಿನ ಕಾರಣ ಕೊಟ್ಟಿದ್ದೀಯ. ಸಾವು ಎಂದ ಕೂಡಲೇ ಕನಿಕರ ಬರುತ್ತದೆ, ಕನಿಕರದ ಹಿಂದೆ ಪ್ರಶ್ನೆಗಳು ಬರುತ್ತವೆ. ಅಪ್ಪನಿಗೆ ವರ್ಗ ಆಯಿತು ಎಂದರೆ ಮುಂದಕ್ಕೆ ಯಾರೂ ಕೇಳುವುದಿಲ್ಲ. ಇನ್ನು ಫೋನು: ಹೊಸ ಖಾತೆ, ಒಂದೂ ಹಳೆಯ ಫೋಟೊ ಇಲ್ಲ. ತರಗತಿಯ ಹುಡುಗಿಯರು ಮೊದಲು ನೋಡುವುದೇ ಅದನ್ನು. ಅಣ್ಣ ತಂಗಿಯಂತೆ ನಟಿಸುವ ಇಬ್ಬರು ಒಂದೇ ಕಥೆಯನ್ನು ಒಂದೇ ಮಾತಿನಲ್ಲಿ ಹೇಳಿದರೂ ಗುಟ್ಟು ಬಯಲಾಗುತ್ತದೆ. ನಿಜವಾದ ಒಡಹುಟ್ಟಿದವರು ಸಣ್ಣಪುಟ್ಟದ್ದಕ್ಕೆಲ್ಲ ಜಗಳಾಡುತ್ತಾರೆ.

ಯಾರಿಗೆ ಯಾವ ಅಧ್ಯಾಯದಲ್ಲಿ ಏನು ಗೊತ್ತು ಎಂಬುದಕ್ಕೆ ಒಂದು ಪಟ್ಟಿ ಇಟ್ಟುಕೋ. ಓದುಗ, ನಾಯಕಿ, ಅವಳ ಮೇಲಧಿಕಾರಿ, ಗೆಳತಿ ಎಂದು ನಾಲ್ಕು ಕಾಲಂ ಸಾಕು. ನಾಯಕಿ ಹದಿಮೂರನೇ ಅಧ್ಯಾಯದಲ್ಲಿ ಬಾಯಿಬಿಡುವ ತಮ್ಮನ ಹೆಸರನ್ನು ಗೆಳತಿ ಹನ್ನೆರಡರಲ್ಲೇ ಹೇಳಿಬಿಟ್ಟಿದ್ದಾಳೆ, ನೋಡಿಕೋ.

ಸ್ನೇಹ ಹೇಗೆ ಬೆಳೆಯುತ್ತದೆ ಎಂಬುದನ್ನು ನೀನು ಬರೆದೇ ಇಲ್ಲ. ಗೆಳತಿ ತನ್ನದೊಂದು ಗುಟ್ಟು ಹೇಳುತ್ತಾಳೆ, ಇವಳೂ ಒಂದು ಹೇಳಬೇಕು. ಕಟ್ಟಿಕೊಂಡು ಬಂದ ಗುಟ್ಟುಗಳು ಎರಡು ವಾರದಲ್ಲಿ ಖಾಲಿಯಾಗುತ್ತವೆ. ಮೂರನೇ ವಾರ ನಿಜವಾದದ್ದೊಂದನ್ನು ಕೊಡಲೇಬೇಕಾಗುತ್ತದೆ, ಕೊಟ್ಟಮೇಲೆ ಅವಳು ನಿಜಕ್ಕೂ ಗೆಳತಿಯಾಗಿಬಿಡುತ್ತಾಳೆ. ಆ ದಿನವನ್ನು ಬರೆ. ಇಬ್ಬರೂ ಅಡುಗೆಮನೆಯ ಮೇಜಿನ ಮೇಲೆ ಲೆಕ್ಕ ಬಿಡಿಸುತ್ತಿದ್ದಾರೆ ಎಂದಿಟ್ಟುಕೋ. ಗೆಳತಿ ಪೆನ್ಸಿಲ್ ಕಚ್ಚುತ್ತಾ, “ಅಪ್ಪ ಬುಧವಾರ ರಾತ್ರಿ ಮನೇಲಿ ಇರೋದೇ ಇಲ್ಲ, ನನ್ನ ನಾಟಕಕ್ಕೂ ಬರಲ್ಲ” ಅನ್ನುತ್ತಾಳೆ. ಅದು ಮಗಳೊಬ್ಬಳ ಬೇಸರ. ನಾಯಕಿಗೆ ಕೇಳಿಸುವುದು ಮಾತ್ರ ಬುಧವಾರ. ರಾತ್ರಿ ಹತ್ತಕ್ಕೆ ಅವಳು ಕಳಿಸುವ ವರದಿಯನ್ನೂ ಹಾಗೇ ಪುಟದಲ್ಲಿ ಇಡು: “ಪ್ರತಿ ಬುಧವಾರ ರಾತ್ರಿ ಗೈರು.” ನಾಟಕದ ಮಾತು ಅದರಲ್ಲಿ ಇರಬಾರದು.

ನಿನ್ನ ಕಥೆಯ ಮೇಲಧಿಕಾರಿ ಒಂದು ಕ್ಷಣವೂ ಅಳುಕದೆ ಮಗುವನ್ನು ಕಳಿಸುತ್ತಾನೆ. ಬ್ರಿಟನ್‌ನಲ್ಲಿ ಇದಕ್ಕೆ ಕಾನೂನೇ ಇದೆ, ಓದಿಕೋ. 2000ರ ನಿಯಮದಂತೆ 16 ತುಂಬದವರನ್ನು ಅವರ ಅಪ್ಪ ಅಮ್ಮನ ಮೇಲೆಯೇ ಮಾಹಿತಿ ತರಲು ಬಳಸುವಂತಿಲ್ಲ, ಅಂಥ ಮಕ್ಕಳನ್ನು ಅಧಿಕಾರಿಗಳು ಭೇಟಿಯಾಗುವಾಗ ಮಕ್ಕಳ ಪರವಾಗಿ ಹಿರಿಯರೊಬ್ಬರು ಜೊತೆಗಿರಬೇಕು. ಮಕ್ಕಳನ್ನು ಹೀಗೆ ಬಳಸಲು ಒಂದು ತಿಂಗಳಿದ್ದ ಅನುಮತಿಯ ಅವಧಿಯನ್ನು 2018ರಲ್ಲಿ ನಾಲ್ಕು ತಿಂಗಳಿಗೆ ಏರಿಸಿದಾಗ ದೊಡ್ಡ ಗಲಾಟೆಯೇ ಆಯಿತು. 2015ರ ಜನವರಿಯಿಂದ 2018ರ ಡಿಸೆಂಬರ್‌ವರೆಗೆ ಹೀಗೆ ಬಳಕೆಯಾದ ಮಕ್ಕಳು 17 ಎಂಬ ಲೆಕ್ಕವೂ ಹೊರಬಂತು. ಅನುಮತಿ ಮುಗಿಯುವ ದಿನ ಹತ್ತಿರವಾಗುತ್ತಿದ್ದರೆ ನಿನ್ನ ಕಥೆಗೆ ಬಾಂಬಿನ ಗಡಿಯಾರವೇ ಬೇಕಾಗುವುದಿಲ್ಲ.

ಇನ್ನೊಂದನ್ನೂ ಓದು. ಲಂಡನ್ ಪೊಲೀಸರು 1968ರಲ್ಲಿ ಹುಟ್ಟುಹಾಕಿದ ಒಂದು ಗುಪ್ತದಳದ ಅಧಿಕಾರಿಗಳಲ್ಲಿ ಅನೇಕರು ಸತ್ತುಹೋದ ಮಕ್ಕಳ ಹೆಸರು ಇಟ್ಟುಕೊಂಡು ಚಳವಳಿಗಾರರ ನಡುವೆ ವರ್ಷಗಟ್ಟಲೆ ಬಾಳಿದರು. ಅಂಥವನೊಬ್ಬನನ್ನು ಸಂಗಾತಿ ಎಂದು ನಂಬಿ, ಅವನು ಕಾಣೆಯಾದಾಗ ಹುಡುಕುತ್ತಾ ಹೋದ ಮಹಿಳೆಯೊಬ್ಬರಿಗೆ ಕೊನೆಗೆ ಸಿಕ್ಕಿದ್ದು ಅದೇ ಹೆಸರಿನ, ಎಂಟು ವರ್ಷಕ್ಕೇ ತೀರಿಕೊಂಡ ಒಬ್ಬ ಹುಡುಗನ ಮರಣಪತ್ರ. ಆ ಮಹಿಳೆ ದೊಡ್ಡವರು, ವರ್ಷಗಟ್ಟಲೆ ಹುಡುಕಿದರು, ನ್ಯಾಯ ಕೇಳಿದರು. ನಿನ್ನ ಕಳ್ಳಸಾಗಣೆದಾರನ ಮಗಳಿಗೆ ಹದಿನಾಲ್ಕು ವರ್ಷ. ಅವಳು ಎಲ್ಲಿಂದ ಹುಡುಕಲು ಶುರುಮಾಡುತ್ತಾಳೆ? ಫೋನಿನಲ್ಲಿರುವ ಹಳೆಯ ಸಂದೇಶಗಳನ್ನು ಒಂದೊಂದಾಗಿ ಓದುತ್ತಾ, ಇದು ನಿಜವೋ ಅದು ನಿಜವೋ ಎಂದು ಕೇಳಿಕೊಳ್ಳುತ್ತಾ ಕೂರುವುದಿಲ್ಲವೇ? ಅಪ್ಪ ಜೈಲಿಗೆ ಹೋಗಿದ್ದು ತಾನು ಬುಧವಾರದ ಮಾತು ಆಡಿದ್ದರಿಂದ ಎಂದು ಅವಳಿಗೆ ಹೊಳೆಯುವುದು ಯಾವಾಗ?

ಮೋಸಹೋದ ಈ ಮಗಳಿಗೇ ಒಂದು ಅಧ್ಯಾಯ ಕೊಡು. ಅದು ಪೊಲೀಸರು ನುಗ್ಗಿದ ತಕ್ಷಣ ಬರಬೇಕು, ಪದಕ ಕೊಡುವ ಸಮಾರಂಭಕ್ಕೆ ಮೊದಲು. ಅವಳ ಕಣ್ಣಿನಿಂದಲೇ ಬರೆ. ಸಮಾರಂಭವನ್ನು ಒಂದು ಪ್ಯಾರಾಕ್ಕೆ ಇಳಿಸು. ಹದಿನಾರನೇ ಅಧ್ಯಾಯದಲ್ಲಿ ನಾಯಕಿ ಬರೆಯುವ ಕ್ಷಮಾಪಣೆಯ ಕಾಗದವನ್ನು ಪೂರ್ತಿ ತೆಗೆದುಹಾಕು. ಯಾವ ಸಂಸ್ಥೆಯೂ ಅದನ್ನು ಅಂಚೆಗೆ ಹಾಕುವುದಿಲ್ಲ, ಹಾಕಿದರೆ ಮುಂದಿನ ಮಿಷನ್ನಿಗೆ ಹೋಗುವ ಮಕ್ಕಳ ಜೀವಕ್ಕೇ ಅಪಾಯ. ನೀನು ಅದನ್ನು ಬರೆದದ್ದು ನಿನ್ನ ನಾಯಕಿಯನ್ನು ಓದುಗರು ಒಳ್ಳೆಯವಳು ಅನ್ನಲಿ ಎಂಬ ಆಸೆಯಿಂದ. ಮಕ್ಕಳ ಪುಸ್ತಕದ ನಾಯಕಿ ಸುಳ್ಳು ಹೇಳಬಾರದು, ಹೇಳಿದರೆ ಕೂಡಲೇ ಕ್ಷಮೆ ಕೇಳಬೇಕು ಎನ್ನುವ ಸಂಪಾದಕರು ನಿನಗೂ ಸಿಗುತ್ತಾರೆ. ಅವರ ಮಾತಿಗೆ ಬಗ್ಗಬೇಡ. ಮಕ್ಕಳಿಗೆ ಎಲ್ಲ ಗೊತ್ತಾಗುತ್ತದೆ.

ಎರಡನೇ ಪುಸ್ತಕದ ಹತ್ತು ಪುಟವನ್ನೂ ಕಳಿಸಿದ್ದೀಯ. ಅದನ್ನು ಈಗ ಓದುವುದಿಲ್ಲ, ನೀನೂ ಸದ್ಯಕ್ಕೆ ಮುಂದುವರಿಸಬೇಡ. ಈ ಮಗಳಿಗೆ ಏನಾಯಿತು ಎಂದು ಗೊತ್ತಾಗದೆ ನಿನ್ನ ನಾಯಕಿ ಮುಂದಿನ ಮನೆಗೆ ಯಾವ ಮನಸ್ಸಿನಿಂದ ಕಾಲಿಡುತ್ತಾಳೆ ಎನ್ನುವುದು ನಿನಗೆ ತಿಳಿಯುವುದಿಲ್ಲ. ಹನ್ನೊಂದರಿಂದ ಹದಿನಾಲ್ಕರವರೆಗೆ ತಿದ್ದಿ, ಹೊಸ ಅಧ್ಯಾಯವನ್ನೂ ಸೇರಿಸಿ ಕಳಿಸು. ಇಲ್ಲಿ ನಾನು ಹೇಳಿದ್ದು ಬಿಟ್ಟು ಉಳಿದದ್ದನ್ನು ಮುಟ್ಟಬೇಡ.

ಪ್ರೀತಿಯಿಂದ,
ನಿನ್ನ ಅಕ್ಕ