ಬಿದ್ದವನು ನಗಬಾರದು

ತಮ್ಮಾ,

ನಿನ್ನ ಕತೆ ಮೂರು ಸಲ ಓದಿದೆ. ಹೊಸದಾಗಿ ಮದುವೆಯಾದ ಜೋಡಿ, ಸೋರುವ ಮನೆ, ಏಣಿಯಿಂದ ಬೀಳುವ ಗಂಡ. ಚೆನ್ನಾಗಿತ್ತು. ಅಷ್ಟರಲ್ಲಿ ನೀನೇ ಓಡಿ ಬಂದು ‘ಎಲ್ಲರೂ ಬಿದ್ದೂ ಬಿದ್ದೂ ನಕ್ಕರು’ ಅಂತ ಬರೆದೆ ನೋಡು, ನನ್ನ ನಗು ಅಲ್ಲೇ ನಿಂತುಹೋಯಿತು. ಕಾಗುಣಿತ, ಯಾವ ಪತ್ರಿಕೆಗೆ ಕಳಿಸಬೇಕು, ಅದನ್ನೆಲ್ಲ ಬೇರೆ ಯಾರನ್ನಾದರೂ ಕೇಳಿಕೋ.

ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ ನೋಡಿದ್ದೀಯಾ? 1920ರ ಮೂಕಿ ಚಿತ್ರ, ಅರ್ಧ ಗಂಟೆಯೂ ಇಲ್ಲ. ಮದುಮಕ್ಕಳಿಗೆ ಉಡುಗೊರೆಯಾಗಿ ಸಿಗುವುದು ಬಿಡಿಬಿಡಿಯಾದ ಮನೆ. ಪೆಟ್ಟಿಗೆ ಮೇಲಿನ ನಂಬರ್ ನೋಡಿಕೊಂಡು ಜೋಡಿಸಬೇಕು. ಆ ಹುಡುಗಿ ಸಿಗಲಿಲ್ಲ ಅಂತ ಹೊಟ್ಟೆ ಉರಿದುಕೊಂಡ ಇನ್ನೊಬ್ಬ ಬಂದು ನಂಬರ್ ತಿದ್ದಿ ಹೋಗುತ್ತಾನೆ. ಪಾಪ, ಮದುಮಗ ಕೀಟನ್ ಹಾಳೆಯಲ್ಲಿ ಇರುವ ಹಾಗೇ ಕಟ್ಟುತ್ತಾನೆ. ಮನೆ ಸೊಟ್ಟ. ಬಿರುಗಾಳಿಗೆ ಬುಗುರಿ ಥರ ತಿರುಗುತ್ತದೆ. ಆಮೇಲೆ ಗೊತ್ತಾಗುತ್ತದೆ, ಕಟ್ಟಿದ ಸೈಟೇ ಬೇರೆ! ಮನೆಯನ್ನು ಎಳೆದುಕೊಂಡು ಹೊರಟರೆ ರೈಲು ಹಳಿ ಮೇಲೆ ಸಿಕ್ಕಿಹಾಕಿಕೊಳ್ಳುತ್ತದೆ. ರೈಲು ಬರುತ್ತದೆ, ಪಕ್ಕದ ಹಳಿಯಲ್ಲಿ ಹೋಗಿಬಿಡುತ್ತದೆ. ಅಬ್ಬಾ ಅನ್ನುವಷ್ಟರಲ್ಲಿ ಆ ಕಡೆಯಿಂದ ಇನ್ನೊಂದು ಬಂದು ಮನೆಯನ್ನು ಪುಡಿ ಮಾಡುತ್ತದೆ.

ಆಗ ಕೀಟನ್ ಏನು ಮಾಡುತ್ತಾನೆ? ಆ ರಾಶಿಗೆ ‘ಮಾರಾಟಕ್ಕಿದೆ’ ಅಂತ ಬೋರ್ಡು ಹಾಕುತ್ತಾನೆ. ಜೋಡಿಸುವ ವಿವರದ ಹಾಳೆಯನ್ನೂ ಸಿಕ್ಕಿಸುತ್ತಾನೆ. ತಗೊಳ್ಳುವವನಿಗೆ ಬೇಕಲ್ವಾ? ಆಮೇಲೆ ಹೆಂಡತಿಯ ಕೈ ಹಿಡಿದು ನಡೆಯುತ್ತಾನೆ. ಹೆಂಡತಿಯಾಗಿ ಸಿಬಿಲ್ ಸೀಲಿ. ಆ ಹಾಳೆಗೆ ನಾನು ಒಬ್ಬನೇ ಕೂತು ಕಣ್ಣಲ್ಲಿ ನೀರು ಬರುವಷ್ಟು ನಕ್ಕಿದ್ದೇನೆ. ಅವನು ಮಾತ್ರ ನಗುವುದಿಲ್ಲ.

ಕೀಟನ್ ಚಿಕ್ಕವನಿದ್ದಾಗ ಅಪ್ಪ ಅವನನ್ನು ಸ್ಟೇಜಿನ ಮೇಲೆ ಎತ್ತಿ ಎಸೆಯುತ್ತಿದ್ದ, ಅದೇ ಅವರ ಆಟ. ತಾನು ನಕ್ಕರೆ ಜನ ನಗುವುದಿಲ್ಲ ಅಂತ ಹುಡುಗ ಆಗಲೇ ಕಂಡುಕೊಂಡಿದ್ದ. ನನಗೆ ತಿಳಿಯುವಾಗ ಐವತ್ತು ದಾಟಿತ್ತು. ನನ್ನ ಮೊದಲ ಹಾಸ್ಯ ಕತೆಯಲ್ಲಿ ಹನ್ನೊಂದು ಆಶ್ಚರ್ಯಸೂಚಕ ಇದ್ದವು. ಸಂಪಾದಕರೊಬ್ಬರು ಇನ್ನೂ ಆರು ಸೇರಿಸಿ ಅಚ್ಚು ಹಾಕಿದರು. ಆ ಆರಕ್ಕೆ ಇವತ್ತಿಗೂ ಸಿಟ್ಟಿದೆ. ನನ್ನ ಹನ್ನೊಂದರ ಸುದ್ದಿ ಬೇಡ. (ಮೇಲೆ ಸೈಟಿನ ಹತ್ತಿರ ಒಂದು ಹಾಕಿದ್ದೇನೆ. ಚಟ, ಸುಮ್ನೆ ಬಿಡು.)

ಇರಲಿ. ಚಪಾತಿ ಹಿಟ್ಟು ನಾದುತ್ತಿದ್ದ ನಿನ್ನ ಕತೆಯ ಹುಡುಗಿ ಎಣ್ಣೆ ಕೈಯಲ್ಲೇ ಬಂದು ಏಣಿ ಹಿಡಿಯುತ್ತಾಳೆ. ಒಂದು ಸಾಲು ಬರೆದು ಓಡಿದ್ದೀಯ. ಮಾರಾಯಾ, ಅವನು ಬಿದ್ದಿದ್ದು ಅದರಿಂದಲೇ ಅಲ್ವಾ? ಅವನಿಗೆ ಗೊತ್ತಾಯಿತಾ? ಗೊತ್ತಾಗಿಯೂ ಏಣಿಯನ್ನೇ ಬೈದನಾ? ಆ ನಕ್ಕವರನ್ನೆಲ್ಲ ಮೊದಲು ಮನೆಯಿಂದ ಆಚೆ ಕಳಿಸಿ, ಅವರಿಬ್ಬರನ್ನೇ ಬಿಟ್ಟು ಬರಿ. ದೀಪಾವಳಿಯೊಳಗೆ ಕಳಿಸು.

ನಿನ್ನ ಅಣ್ಣ