ಕಾದಂಬರಿ ಓದುವವರಿಗೂ ಒಂದು ಪರಾಮರ್ಶನ ಗ್ರಂಥ ಬೇಕು: ಶಿವಮೊಗ್ಗ ಜಿಲ್ಲಾ ಉಸ್ತುವಾರಿ ಸಚಿವರಿಗೆ ಬಹಿರಂಗ ಪತ್ರ

ಮಾನ್ಯ ಸಚಿವರೇ,

ನಮಸ್ಕಾರ.

ಗ್ರಂಥಾಲಯಗಳ ವಿಷಯದಲ್ಲಿ ತಮ್ಮ ಮೇಜಿಗೆ ಬರುವ ಮನವಿಗಳು ಹೆಚ್ಚಾಗಿ ಕಟ್ಟಡ, ಕುರ್ಚಿ, ಕಂಪ್ಯೂಟರ್, ಸಿಬ್ಬಂದಿ ಸಂಬಳದ್ದೇ ಇರಬಹುದು. ಅವೆಲ್ಲ ಬೇಕೇ ಬೇಕು. ನಾನು ಕೇಳುತ್ತಿರುವುದು ಒಂದೇ ಒಂದು ಪುಸ್ತಕ. ಅದನ್ನು ತಾವೇ ತಯಾರು ಮಾಡಿಸಬೇಕು. ನಮ್ಮ ಜಿಲ್ಲೆಯ ಸಾರ್ವಜನಿಕ ಗ್ರಂಥಾಲಯಗಳಲ್ಲಿರುವ ಕನ್ನಡದ ಜನಪ್ರಿಯ ಕಾದಂಬರಿಗಳ ಕೈಪಿಡಿ ಅದು. ಯಾವ ಕಾದಂಬರಿ ಯಾರದ್ದು, ಎಂಥ ಕಥೆ, ಮೊದಲು ಯಾವ ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂತು, ಎರಡನೇ ಭಾಗ ಇದೆಯಾ, ಈಗ ಯಾವ ಊರಿನ ಗ್ರಂಥಾಲಯದಲ್ಲಿ ಸಿಗುತ್ತದೆ, ಇಷ್ಟು ಹೇಳಿದರೆ ಸಾಕು.

ಈಗ ಯಾವುದೇ ಗ್ರಂಥಾಲಯಕ್ಕೆ ಹೋಗಿ ರೆಫರೆನ್ಸ್ ವಿಭಾಗ ಎಲ್ಲಿ ಅಂತ ಕೇಳಿ. ಕೆಎಎಸ್, ಪಿಎಸ್‌ಐ, ಎಫ್‌ಡಿಎ ಗೈಡುಗಳಿರುವ ಕಪಾಟು ತೋರಿಸುತ್ತಾರೆ. ಪಕ್ಕದಲ್ಲಿ ನಿಘಂಟು, ಗ್ಯಾಸೆಟಿಯರ್. ತಪ್ಪೇನಿಲ್ಲ. ಕೆಲಸ ಹುಡುಕುವ ಹುಡುಗ ಹುಡುಗಿಯರಿಗೆ ಬೆಳಗಿಂದ ಸಂಜೆವರೆಗೆ ಪುಕ್ಕಟೆ ಕೂತು ಓದಲು ಇನ್ನೆಲ್ಲಿ ಜಾಗ ಇದೆ? ಆದರೆ ಕಾದಂಬರಿ ಕೇಳಿಕೊಂಡು ಬಂದವರಿಗೆ ಸಿಗುವ ಉತ್ತರ, "ಆ ಕಡೆ ಇದೆ, ನೋಡ್ಕೊಳ್ಳಿ." ಆ ಕಡೆ ಹೋದರೆ ಪತ್ತೇದಾರಿ, ಸಾಮಾಜಿಕ, ಐತಿಹಾಸಿಕ, ಮಾಟಮಂತ್ರ ಎಲ್ಲ ಒಂದೇ ರಾಶಿ.

ಇದಕ್ಕೆ ಗ್ರಂಥಪಾಲಕರನ್ನು ಬೈದು ಪ್ರಯೋಜನ ಇಲ್ಲ. ಗ್ರಂಥಾಲಯಗಳಲ್ಲಿ ಪುಸ್ತಕಗಳನ್ನು ವಿಷಯವಾರು ಜೋಡಿಸಲು ಸಂಖ್ಯೆ ಕೊಡುವ ಡ್ಯೂಯಿ ದಶಾಂಶ ಪದ್ಧತಿಯಲ್ಲಿ ಕನ್ನಡ ಸಾಹಿತ್ಯಕ್ಕೆ ಕೊಟ್ಟ ಸಂಖ್ಯೆ 894.814. ಕಾದಂಬರಿಯಾದರೆ ಕೊನೆಗೊಂದು 3 ಸೇರುತ್ತದೆ. ಕೊಲೆ ಕಥೆಗೂ 894.8143, ಅತ್ತೆ ಸೊಸೆ ಕಥೆಗೂ 894.8143. ಪುಸ್ತಕವನ್ನು ಎಲ್ಲಿಡಬೇಕು ಅನ್ನುವುದಕ್ಕೆ ಆ ಸಂಖ್ಯೆಯ ಚೀಟಿ ಸಾಕು. "ಹೋದ ವಾರ ಒಯ್ದದ್ದು ಚೆನ್ನಾಗಿತ್ತು, ಅಂಥದ್ದೇ ಇನ್ನೊಂದು ಕೊಡಿ" ಅಂದವರಿಗೆ ಅದರಿಂದ ಏನು ಗೊತ್ತಾಗುತ್ತದೆ? ಓದುಗರು ಜಾಸ್ತಿ ಕೇಳುವುದು ಈ ಪ್ರಶ್ನೆಯನ್ನೇ ಅಲ್ವಾ?

ಬೇರೆ ದೇಶದವರು ಇದಕ್ಕೆ ಎಂದೋ ದಾರಿ ಕಂಡುಕೊಂಡಿದ್ದಾರೆ. ಅಮೆರಿಕದಲ್ಲಿ ಎಚ್. ಡಬ್ಲ್ಯು. ವಿಲ್ಸನ್ ಕಂಪನಿ ಗ್ರಂಥಾಲಯಗಳಿಗೆಂದೇ ಕಾದಂಬರಿಗಳ ಪಟ್ಟಿ ಅಚ್ಚು ಹಾಕಿದ್ದು 1908ರಲ್ಲಿ. 1982ರಲ್ಲಿ ಬೆಟ್ಟಿ ರೋಸೆನ್‌ಬರ್ಗ್ ಅನ್ನುವವರು 'ಜಾನ್‌ರಿಫ್ಲೆಕ್ಟಿಂಗ್' ಎಂಬ ಕೈಪಿಡಿ ತಂದರು. ಪತ್ತೇದಾರಿ, ಪ್ರೇಮಕಥೆ, ಕೌಬಾಯ್ ಕಥೆ, ದೆವ್ವದ ಕಥೆ ಅಂತ ಬಗೆಬಗೆಯಾಗಿ ವಿಂಗಡಿಸಿ, ಒಂದೊಂದರಲ್ಲೂ ಯಾರು ಯಾರು ಬರೆದಿದ್ದಾರೆ ಅಂತ ಹೇಳುವ ಪುಸ್ತಕ. ಆಕೆ ಗ್ರಂಥಾಲಯ ವಿಜ್ಞಾನದ ಮೇಷ್ಟ್ರು. ನಿಮ್ಮ ಓದಿನ ರುಚಿಗೆ ಯಾರ ಹತ್ತಿರವೂ ಕ್ಷಮೆ ಕೇಳಬೇಡಿ ಅನ್ನುವುದು ಆಕೆ ಮಾಡಿದ ಮೊದಲ ನಿಯಮ. ಆಕೆಯ ನಂತರವೂ ಅದು ಪರಿಷ್ಕಾರವಾಗಿ ಮತ್ತೆ ಮತ್ತೆ ಅಚ್ಚಾಗಿದೆ.

ಅದನ್ನು ತರಿಸಿ ನಮ್ಮ ಕಪಾಟಿನಲ್ಲಿಟ್ಟರೆ ಏನೂ ಆಗುವುದಿಲ್ಲ. ಹೊಸನಗರದಲ್ಲಿ ಕೌಬಾಯ್ ಕಥೆ ಯಾರು ಕೇಳುತ್ತಾರೆ? ನಮ್ಮ ಬಗೆಗಳೇ ಬೇರೆ. ವಾರಪತ್ರಿಕೆಯ ಧಾರಾವಾಹಿ ಒಂದು. ತೆಲುಗಿನಿಂದ ಬಂದ ಮಾಟದ ಕಥೆ ಇನ್ನೊಂದು. ತುಂಬಿದ ಮನೆಯ ಸಂಸಾರದ ಕಥೆ ಮತ್ತೊಂದು. ಮಳೆ, ತೋಟ, ಕಾಡು ಇರುವ ಮಲೆನಾಡಿನ ಕಾದಂಬರಿಯಂತೂ ನಮ್ಮದೇ. ಕೋಲ್ಕತ್ತದಿಂದ 1958ರಿಂದ ಬರುತ್ತಿರುವ ರಾಷ್ಟ್ರೀಯ ಗ್ರಂಥಸೂಚಿಯಲ್ಲಿ ಕನ್ನಡ ಪುಸ್ತಕಗಳೂ ಇವೆ, ನಿಜ. ಅದು ಸಂಶೋಧಕರಿಗೆ. ಸೊರಬದ ಓದುಗರಿಗೆ ಅದರಿಂದ ಮುಂದಿನ ಕಾದಂಬರಿ ಸಿಗುವುದಿಲ್ಲ.

ಜನಪ್ರಿಯ ಅಂದರೆ ಹಗುರ, ಅದಕ್ಕೆ ಸರಕಾರದ ದುಡ್ಡು ಯಾಕೆ ಅನ್ನುವವರು ತಮ್ಮ ಸುತ್ತಲೂ ಇರುತ್ತಾರೆ. ಅವರಿಗೆ ತೀರ್ಥಹಳ್ಳಿಯಲ್ಲಿ ಹುಟ್ಟಿದ ಎಂ. ಕೆ. ಇಂದಿರಾ ಅವರ ಹೆಸರು ಹೇಳಿ. ಶಾಲೆಗೆ ಹೋದದ್ದು ಕೆಲವೇ ವರ್ಷ. ಮೊದಲ ಕಾದಂಬರಿ 'ತುಂಗಭದ್ರ' 1963ರಲ್ಲಿ ಬಂದಾಗ ವಯಸ್ಸು ನಲವತ್ತೈದು ದಾಟಿತ್ತು. ನಮ್ಮ ಅಮ್ಮಂದಿರು ಅವರನ್ನು ಓದಿದ್ದು ಕಥೆ ಚೆನ್ನಾಗಿದೆ ಅಂತ, ಅಷ್ಟೇ. 1976ರ 'ಫಣಿಯಮ್ಮ' ಆಮೇಲೆ ಸಿನಿಮಾ ಆಯಿತು, ವಿದ್ವಾಂಸರ ಚರ್ಚೆಗೂ ಬಂತು. ಯಾವುದು ಹಗುರ, ಯಾವುದು ಗಟ್ಟಿ ಅಂತ ಮೊದಲೇ ತೂಗಿ ನೋಡುವ ಕೆಲಸ ಗ್ರಂಥಾಲಯಕ್ಕೆ ಬೇಡ. ಎನ್. ನರಸಿಂಹಯ್ಯನವರ ಪತ್ತೇದಾರಿ ಕಾದಂಬರಿಗಳು ನೂರಾರು. ಕನ್ನಡ ಓದುವ ಚಟ ಎಷ್ಟೋ ಜನಕ್ಕೆ ಹತ್ತಿದ್ದೇ ಅವುಗಳಿಂದ. ಅವುಗಳಲ್ಲಿ ನಮ್ಮ ಜಿಲ್ಲೆಯಲ್ಲಿ ಎಷ್ಟು ಉಳಿದಿವೆ? ಕೇಳಿದರೆ ಹೇಳುವವರಿಲ್ಲ.

ನನ್ನನ್ನು ಈ ಪತ್ರಕ್ಕೆ ಕೂರಿಸಿದ ಮುಖ್ಯ ವಿಷಯ ಇದೇ. ಗ್ರಂಥಾಲಯದಲ್ಲಿ ಜಾಸ್ತಿ ಓದಿಸಿಕೊಂಡ ಪುಸ್ತಕವೇ ಮೊದಲು ರದ್ದಿಗೆ ಹೋಗುತ್ತದೆ. ಜನಪ್ರಿಯ ಕಾದಂಬರಿಗಳು ಅಗ್ಗದ ಕಾಗದದಲ್ಲಿ ಅಚ್ಚಾದವು. ಹತ್ತಾರು ಮನೆ ಸುತ್ತಿ ಬರುವಾಗ ರಟ್ಟು ಕಿತ್ತಿರುತ್ತದೆ, ಕೊನೆಯ ಪುಟ ಹೋಗಿರುತ್ತದೆ (ಪತ್ತೇದಾರಿ ಕಾದಂಬರಿಯಲ್ಲಿ ಕೊನೆಯ ಪುಟ ಇಲ್ಲದಿದ್ದರೆ ಹೇಗಿರುತ್ತದೆ ಅಂತ ಹೇಳಬೇಕಾಗಿಲ್ಲ). ಉಳಿದದ್ದನ್ನು ನಮ್ಮ ಮಳೆಗಾಲ ನೋಡಿಕೊಳ್ಳುತ್ತದೆ. ಬೂಷ್ಟು, ಒರಲೆ, ಸೋರುವ ಹಂಚು. ಯಾರೂ ಮುಟ್ಟದ ದಪ್ಪ ದಪ್ಪ ಸಂಪುಟಗಳು ಮಾತ್ರ ಹೊಸದರಂತೆಯೇ ಕೂತಿರುತ್ತವೆ. ಹರಿದದ್ದರ ಬದಲಿಗೆ ಇನ್ನೊಂದು ಪ್ರತಿ ಕೊಳ್ಳೋಣ ಅಂದರೆ ಸರಕಾರ ಗ್ರಂಥಾಲಯಗಳಿಗೆ ಪುಸ್ತಕ ಕೊಳ್ಳುವ ಏಕಗವಾಕ್ಷಿ ಯೋಜನೆ ಇರುವುದು ಆಯಾ ವರ್ಷ ಮೊದಲ ಸಲ ಅಚ್ಚಾದ ಪುಸ್ತಕಗಳಿಗೆ. ಮೂವತ್ತು ನಲವತ್ತು ವರ್ಷದ ಹಿಂದಿನ ಕಾದಂಬರಿ ಆ ಕಿಟಕಿಯಿಂದ ಒಳಗೆ ಬರಲಾರದು.

ಮೊದಲಾದರೆ ಪೇಟೆಯಲ್ಲಿ ಬಾಡಿಗೆಗೆ ಕಾದಂಬರಿ ಕೊಡುವ ಅಂಗಡಿಗಳಿದ್ದವು. ಆ ಅಂಗಡಿಯವರೇ ಜೀವಂತ ಕೈಪಿಡಿ. ನಿಮ್ಮ ಅತ್ತಿಗೆ ಇದನ್ನು ಓದಿದ್ದಾರೆ, ನಿಮಗೆ ಇದು ಹಿಡಿಸುತ್ತೆ ಅಂತ ತೆಗೆದುಕೊಡುತ್ತಿದ್ದರು. ಅಡಿಕೆ ಕೊಯ್ಲಿನ ಸಮಯದಲ್ಲಿ ರಾತ್ರಿ ಸುಲಿಯಲು ಕೂತವರಿಗೆ ಒಬ್ಬರು ಧಾರಾವಾಹಿ ಓದಿ ಹೇಳುವುದೂ ನಮ್ಮ ಕಡೆ ಇತ್ತು. 'ಸುಧಾ', 'ತರಂಗ'ದ ಕಂತುಗಳನ್ನು ಕತ್ತರಿಸಿ, ದಬ್ಬಳದಲ್ಲಿ ಹೊಲಿದು, ಹಳೆ ಕ್ಯಾಲೆಂಡರಿನ ರಟ್ಟು ಹಾಕಿಟ್ಟ ಪುಸ್ತಕಗಳು ಇನ್ನೂ ಎಷ್ಟೋ ಮನೆಗಳ ಅಟ್ಟದ ಮೇಲಿವೆ. ಕೆಲವಕ್ಕೆ ಲೇಖಕರ ಹೆಸರೇ ಕತ್ತರಿಯಲ್ಲಿ ಹೋಗಿದೆ. ಅವನ್ನೂ ತಂದು ತೋರಿಸಿ ಅಂತ ಕರೆದರೆ ಜನ ತರುತ್ತಾರೆ. ಕೈಪಿಡಿಗೆ ಅದಕ್ಕಿಂತ ಒಳ್ಳೆಯ ಸಾಮಗ್ರಿ ಇಲ್ಲ.

ದುಡ್ಡಿನ ಮಾತು. 1965ರ ಸಾರ್ವಜನಿಕ ಗ್ರಂಥಾಲಯ ಕಾಯ್ದೆ ಪ್ರಕಾರ ಆಸ್ತಿ ತೆರಿಗೆಯ ಜೊತೆ ನಾವು 6 ಪರ್ಸೆಂಟ್ ಗ್ರಂಥಾಲಯ ಕರ ಕಟ್ಟುತ್ತೇವೆ. ಕಾದಂಬರಿ ಓದುವವರೂ ಕಟ್ಟುತ್ತಾರೆ. ಆ ಹಣದಲ್ಲಿ ಈ ಕೆಲಸಕ್ಕೆ ಬೇಕಾಗುವುದು ಬಹಳ ಸಣ್ಣ ಪಾಲು.

ಕೆಲಸ ಮಾಡುವವರೂ ಇಲ್ಲೇ ಇದ್ದಾರೆ. ಶಂಕರಘಟ್ಟದ ಕುವೆಂಪು ವಿಶ್ವವಿದ್ಯಾಲಯದಲ್ಲಿ ಗ್ರಂಥಾಲಯ ವಿಜ್ಞಾನ ವಿಭಾಗ ಇದೆ. ಅಲ್ಲಿನ ವಿದ್ಯಾರ್ಥಿಗಳಿಗೆ ಏಳೂ ತಾಲ್ಲೂಕನ್ನು ಪ್ರಾಜೆಕ್ಟ್ ಅಂತ ಹಂಚಬಹುದು. ತೊಡಕು ಇರುವುದು ಕಚೇರಿಗಳ ನಡುವೆ. ಗ್ರಾಮ ಪಂಚಾಯಿತಿ ಗ್ರಂಥಾಲಯಗಳು 2019ರಲ್ಲಿ ಗ್ರಾಮೀಣಾಭಿವೃದ್ಧಿ ಇಲಾಖೆಗೆ ಹೋದವು, ಈಗ ಅವು ಅರಿವು ಕೇಂದ್ರ. ನಗರದವು ಗ್ರಂಥಾಲಯ ಇಲಾಖೆಯಲ್ಲೇ ಉಳಿದವು. ಒಬ್ಬರ ರಿಜಿಸ್ಟರ್ ಇನ್ನೊಬ್ಬರ ಕೈಗೆ ಸಿಗಬೇಕಾದರೆ ಮೇಲಿನಿಂದ ಯಾರಾದರೂ ಹೇಳಬೇಕು. ಎರಡೂ ಕಡೆಯವರನ್ನು ಒಂದೇ ಸಭೆಗೆ ಕರೆಯುವ ಅಧಿಕಾರ ಜಿಲ್ಲಾ ಉಸ್ತುವಾರಿ ಸಚಿವರಾದ ತಮಗಿದೆ.

ಕೈಪಿಡಿಗೆ ಸಮಯ ಹಿಡಿಯುತ್ತದೆ, ಗೊತ್ತು. ಅದಕ್ಕೂ ಮೊದಲು ಒಂದು ಸಣ್ಣ ಆದೇಶ ಹೊರಡಿಸಿ. ಪಟ್ಟಿ ಮುಗಿಯುವವರೆಗೆ ಜಿಲ್ಲೆಯ ಯಾವ ಗ್ರಂಥಾಲಯದಿಂದಲೂ ಹಳೆಯ ಕಾದಂಬರಿಗಳನ್ನು ರದ್ದಿಗೆ ಹಾಕಬಾರದು. ಹರಿದಿದ್ದರೂ, ಕೊನೆಯ ಪುಟ ಇಲ್ಲದಿದ್ದರೂ ಗೋಣಿಚೀಲದಲ್ಲಿ ಕಟ್ಟಿ, ಸೋರದ ಮೂಲೆಯಲ್ಲಿಡಲಿ. ಇದು ಈ ಮಳೆಗಾಲಕ್ಕೆ ಮೊದಲೇ ಆಗಬೇಕು.

ಇಂತಿ ತಮ್ಮ ವಿಶ್ವಾಸಿ,
ತೀರ್ಥಹಳ್ಳಿ ತಾಲ್ಲೂಕಿನ ಒಬ್ಬ ಓದುಗಾರ್ತಿ